ಯಡಿಯೂರಿನ ಬಸ್ ಸ್ಟ್ಯಾಂಡಿನಲ್ಲಿ ನಿಂತಿರುವ ಐದು ಸಾವಿರ ವರ್ಷ

'ಬಸ್ ನಿಲ್ದಾಣ'. ಕುಣಿಗಲ್ ದಾಟಿ, ಮಂಗಳೂರು ಹೆದ್ದಾರಿಯಲ್ಲಿ ಯಡಿಯೂರಿಗೆ ಬಂದು ಇಳಿಯುವ ಭಕ್ತರಲ್ಲಿ ಈ ಎರಡು ಪದವನ್ನು ಎರಡನೇ ಸಲ ಓದುವವರು ಯಾರೂ ಇಲ್ಲ. ಓದಬೇಕು! ಅಕ್ಷರ ಅಕ್ಷರವಾಗಿ ಬಿಡಿಸಿ ಓದಬೇಕು. ಕನ್ನಡದಲ್ಲಿ ಇದಕ್ಕಿಂತ ದೊಡ್ಡ ಬೆರಗನ್ನು ಇದಕ್ಕಿಂತ ಚಿಕ್ಕ ಜಾಗದಲ್ಲಿ ಬಚ್ಚಿಟ್ಟ ಪದ ಇನ್ನೊಂದಿದ್ದರೆ ನನಗೆ ಯಾರಾದರೂ ತೋರಿಸಿ.

ನಿಲ್ದಾಣ ಎಂದರೆ ನಿಲ್ ಮತ್ತು ತಾಣ. ಬೆಟ್ಟ, ತಾವರೆ ಸೇರಿ ಬೆಟ್ಟದಾವರೆ ಆಗುವ ಅದೇ ಆದೇಶ ಸಂಧಿ ಇಲ್ಲಿಯೂ ತಕಾರವನ್ನು ದಕಾರ ಮಾಡಿದೆ. 'ನಿಲ್' ಅಪ್ಪಟ ದ್ರಾವಿಡ ಧಾತು. ತಮಿಳು, ಮಲಯಾಳ, ತೆಲುಗುಗಳಲ್ಲಿ ಅದರ ಒಡಹುಟ್ಟುಗಳು ಇಂದಿಗೂ ಓಡಾಡಿಕೊಂಡಿವೆ. 'ತಾಣ' ಮಾತ್ರ ಬೇರೆ ಮನೆಯದು, ಸಂಸ್ಕೃತದ 'ಸ್ಥಾನ'ದ ತದ್ಭವ. ಸ್ಥಾನದ ಹೊಟ್ಟೆಯಲ್ಲಿರುವುದು 'ಸ್ಥಾ' ಎಂಬ ಧಾತು. ಅದರ ಅರ್ಥ? ನಿಲ್ಲು! ಅಂದರೆ ನಿಲ್ದಾಣ ಎಂಬ ಒಂದೇ ಪದದಲ್ಲಿ ನಾವು ಎರಡು ಸಲ ನಿಲ್ಲುತ್ತೇವೆ, ಒಮ್ಮೆ ದ್ರಾವಿಡದಲ್ಲಿ, ಒಮ್ಮೆ ಸಂಸ್ಕೃತದಲ್ಲಿ.

ಬೆರಗು ಇಲ್ಲಿಗೇ ಮುಗಿದಿದ್ದರೆ ಈ ಬರಹ ಬೇಕಿರಲಿಲ್ಲ. ಈಗ ಆ ನಿಲ್ದಾಣ ಯಾವ ಪದದ ಬದಲಿಗೆ ಬಂತು ನೋಡಿ. ಸ್ಟ್ಯಾಂಡ್. ಬೋರ್ಡಿನ ಮೇಲೆ ನಿಲ್ದಾಣ ಎಂದಿದ್ದರೂ ಜನರ ಬಾಯಲ್ಲಿ ಇಂದಿಗೂ ಉಳಿದಿರುವ 'ಬಸ್ ಸ್ಟ್ಯಾಂಡು'. ಈ ಇಂಗ್ಲಿಷ್ ಸ್ಟ್ಯಾಂಡ್ ಹುಟ್ಟಿದ್ದು ಎಲ್ಲಿಂದ? ಸಂಸ್ಕೃತದ 'ಸ್ಥಾ' ಎಲ್ಲಿಂದ ಬಂತೋ ಅಲ್ಲಿಂದಲೇ! ಇಂಗ್ಲಿಷ್ ಸೊಸೆಯನ್ನು ಮುಂಬಾಗಿಲಿಂದ ಹೊರಗೆ ಕಳಿಸಿ ಒಳಗೆ ಬಂದರೆ, ಅಡುಗೆಮನೆಯಲ್ಲಿ ಅವಳ ದೊಡ್ಡಮ್ಮನ ಮಗಳು ಮೂವತ್ತು ತಲೆಮಾರಿನಿಂದ ಒಲೆ ಊದುತ್ತ ಕೂತಿದ್ದಳು ಎಂದ ಹಾಗಾಯಿತು.

ಇದು ಕಿವಿಗೆ ಹಾಗೆ ಕೇಳುವ ಸಾಮ್ಯವೇ, ನಿಜವಾದ ನೆಂಟಸ್ತಿಕೆಯೇ ಎಂದು ಕೇಳುವುದು ನ್ಯಾಯ. ನಿಜವಾದ ನೆಂಟಸ್ತಿಕೆ. 1786ರ ಫೆಬ್ರುವರಿ 2ರಂದು ಕಲಕತ್ತೆಯ ಏಷಿಯಾಟಿಕ್ ಸೊಸೈಟಿಯಲ್ಲಿ ವಿಲಿಯಂ ಜೋನ್ಸ್ ಎದ್ದು, ಸಂಸ್ಕೃತ, ಗ್ರೀಕ್, ಲ್ಯಾಟಿನ್ ಮೂರೂ ಈಗ ಬಹುಶಃ ಇಲ್ಲವಾಗಿರುವ ಒಂದೇ ಮೂಲದಿಂದ ಹೊಮ್ಮಿರಬೇಕು ಎಂದು ಹೇಳಿದ. ಆಮೇಲೆ ಯಾಕೋಬ್ ಗ್ರಿಮ್, ಮಕ್ಕಳ ಕಥೆಗಳ ಅದೇ ಗ್ರಿಮ್, 1822ರಲ್ಲಿ ಆ ಮೂಲದ ಧ್ವನಿಗಳು ಇಂಗ್ಲಿಷ್, ಜರ್ಮನ್ ಬಳಗದಲ್ಲಿ ಹೇಗೆ ಕಟ್ಟುನಿಟ್ಟಾಗಿ ಬದಲಾದವು ಎಂದು ಸೂತ್ರ ಕಟ್ಟಿದ. ನಮ್ಮ 'ಪಿತೃ' ಅವರ ಫಾದರ್ ಆಯಿತು, 'ಪಾದ' ಫುಟ್ ಆಯಿತು, 'ತ್ರಿ' ಥ್ರೀ ಆಯಿತು. ಪಕಾರ ಫಕಾರಕ್ಕೆ ಜಾರಿತು, ತಕಾರ ಬಾಯಲ್ಲಿ ಗಾಳಿಯಾಯಿತು. ಆದರೆ ತಕಾರದ ಹಿಂದೆ ಸಕಾರ ಕಾವಲಿದ್ದರೆ ಮಾತ್ರ ಅದಕ್ಕೆ ಏನೂ ಆಗುವುದಿಲ್ಲ! ಸೂತ್ರವೇ ಹಾಗೆ ಹೇಳುತ್ತದೆ. ಅದಕ್ಕೇ ಐದಾರು ಸಾವಿರ ವರ್ಷದ ಹಿಂದೆ ಯಾವುದೋ ಹುಲ್ಲುಗಾವಲಿನಲ್ಲಿ ಜನ ಆಡುತ್ತಿದ್ದ 'ಸ್ತಾ' ಎಂಬ ಧಾತು ಇಂಗ್ಲಿಷಿನಲ್ಲಿ ಸ್ಟ್ಯಾಂಡ್ ಆಗಿ, ಸಂಸ್ಕೃತದಲ್ಲಿ ಸ್ಥಾ ಆಗಿ, ಹೆಚ್ಚುಕಡಿಮೆ ಮೊದಲಿನ ಮುಖವನ್ನೇ ಹೊತ್ತು ಯಡಿಯೂರಿನಲ್ಲಿ ಮತ್ತೆ ಭೇಟಿಯಾಗಿವೆ. ಆ ಹುಲ್ಲುಗಾವಲು ಕಪ್ಪು ಸಮುದ್ರದ ಉತ್ತರಕ್ಕಿತ್ತು ಎಂಬುದು ಬಹುಮಂದಿ ವಿದ್ವಾಂಸರ ಅಭಿಪ್ರಾಯ.

ಇಷ್ಟು ತಿಳಿದುಕೊಂಡು ಬಸ್ಸಿಳಿದು ಹೆಜ್ಜೆ ಹಾಕಿ. ಎದುರಿಗೆ ಸಿದ್ಧಲಿಂಗೇಶ್ವರ ಸ್ವಾಮಿ ದೇವಸ್ಥಾನ. ದೇವ-ಸ್ಥಾನ! ಬಸ್ಸಿಗೆ ಸ್ಟ್ಯಾಂಡ್, ದೇವರಿಗೆ ಸ್ಥಾನ. 2017ರಲ್ಲಿ ಬೆಂಗಳೂರು–ಹಾಸನ ರೈಲುಮಾರ್ಗ ಪೂರ್ತಿಯಾದ ಮೇಲೆ ಯಡಿಯೂರಿಗೆ ರೈಲ್ವೆ ಸ್ಟೇಷನ್ನೂ ಬಂತು. ಸ್ಟೇಷನ್ ಎಂಬುದು ಲ್ಯಾಟಿನ್ನಿನ 'ಸ್ತಾತಿಯೋ', ನಿಂತಿರುವುದು, ನಿಂತ ಜಾಗ. ಅದು ನಮ್ಮ 'ಸ್ಥಿತಿ'ಯ ಸ್ವಂತ ತಂಗಿ. ಪೊಲೀಸ್ ಸ್ಟೇಷನ್ನಿಗೆ ನಾವು ಠಾಣೆ ಎನ್ನುತ್ತೇವಲ್ಲ, ಆ ಠಾಣೆಯೂ ಪ್ರಾಕೃತದ ದಾರಿ ಸುತ್ತಿ ಬಂದ ಸ್ಥಾನವೇ. ಮೈಸೂರು ಸಂಸ್ಥಾನವನ್ನು ಬ್ರಿಟಿಷರು ಮೈಸೂರು ಸ್ಟೇಟ್ ಎಂದು ಬರೆದುಕೊಂಡರು. ಆ ಕಡತದ ಇಬ್ಬದಿಯಲ್ಲೂ ಇದ್ದದ್ದು ಒಂದೇ ಧಾತು, ಬರೆದ ಯಾವ ಗುಮಾಸ್ತನಿಗೂ ಅದು ಗೊತ್ತಿರಲಿಲ್ಲ! ಹೆದ್ದಾರಿ ಬದಿಯ ರಿಯಲ್ ಎಸ್ಟೇಟ್ ಫಲಕದ ಎಸ್ಟೇಟ್ ಕೂಡ ಅದೇ. ಸಿಸ್ಟಂ ಸರಿಯಿಲ್ಲ ಎಂದು ಒಬ್ಬ ಬೈದರೂ ವ್ಯವಸ್ಥೆ ಸರಿಯಿಲ್ಲ ಎಂದು ಇನ್ನೊಬ್ಬ ಬೈದರೂ ಇಬ್ಬರೂ ಬೈಯುವುದು ಒಂದೇ ಬೇರನ್ನು. ಸಿಸ್ಟಂ ಎಂದರೆ ಗ್ರೀಕರ ಲೆಕ್ಕದಲ್ಲಿ ಒಟ್ಟಿಗೆ ನಿಲ್ಲಿಸಿದ್ದು. ವ್ಯವಸ್ಥೆ ಎಂದರೆ ಬಿಡಿಬಿಡಿಯಾಗಿ, ಅಚ್ಚುಕಟ್ಟಾಗಿ ನಿಲ್ಲಿಸಿದ್ದು.

ನನ್ನ ಎದೆ ನಿಜವಾಗಿ ಹೊಡೆದುಕೊಂಡದ್ದು ಮಾತ್ರ ಇದರಾಚೆ, ಗರ್ಭಗುಡಿಯ ಬಳಿ.

ಯಡಿಯೂರಿನಲ್ಲಿರುವುದು ತೋಂಟದ ಸಿದ್ಧಲಿಂಗ ಯತಿಗಳ ಗದ್ದುಗೆ, ಅವರ ಸಮಾಧಿಸ್ಥಾನ. ಇಂದಿನ ಚಾಮರಾಜನಗರ ಜಿಲ್ಲೆಯ ಹರದನಹಳ್ಳಿಯಲ್ಲಿ ಹುಟ್ಟಿ, ಗೋಸಲ ಚನ್ನಬಸವೇಶ್ವರರ ಶಿಷ್ಯರಾಗಿ, ಊರೂರು ಅಲೆದು ಈ ಸೀಮೆಗೆ ಬಂದವರು. ಇಲ್ಲೇ ಹತ್ತಿರದ ಕಗ್ಗೆರೆಯಲ್ಲಿ ನಾಗಿನಿ ಹೊಳೆಯ ದಡದ ತೋಟದಲ್ಲಿ ತಪಸ್ಸಿಗೆ ಕೂತರು. ಮೈಮೇಲೆ ಹುತ್ತ ಬೆಳೆದರೂ ಅಲುಗಲಿಲ್ಲ, ಹಸುವೊಂದು ಬಂದು ಆ ಹುತ್ತಕ್ಕೆ ಹಾಲು ಸುರಿಸುತ್ತಿತ್ತು ಎಂದು ಜನ ಭಕ್ತಿಯಿಂದ ಹೇಳುತ್ತಾರೆ. ತೋಟದಲ್ಲಿದ್ದವರಾದ್ದರಿಂದ ತೋಂಟದ ಸಿದ್ಧಲಿಂಗರು. ಅವರ 701 ವಚನಗಳ ಗ್ರಂಥದ ಹೆಸರು 'ಷಟ್‌ಸ್ಥಲ ಜ್ಞಾನಸಾರಾಮೃತ'. ಶೂನ್ಯಸಂಪಾದನೆಯನ್ನು ಕಟ್ಟಿದ ಗುಮ್ಮಳಾಪುರದ ಸಿದ್ಧಲಿಂಗರು, ತುಮಕೂರಿನ ಪಕ್ಕದ ಗೂಳೂರಿನ ಸಿದ್ಧವೀರಣ್ಣೊಡೆಯರು ಇವರದೇ ಪರಂಪರೆಯವರು. ಹನ್ನೆರಡನೇ ಶತಮಾನದ ಶರಣರ ಮಾತು ನಮ್ಮ ಕೈವರೆಗೆ ಬಂದು ಮುಟ್ಟಿದ್ದರಲ್ಲಿ ಈ ಸೀಮೆಯ ಋಣ ಎಷ್ಟು ದೊಡ್ಡದು!

ಆ ಶರಣರ ಲೋಕದ ಎರಡು ಕಂಬಗಳಂಥ ಪದಗಳು ಯಾವುವು? ಸ್ಥಾವರ ಮತ್ತು ಜಂಗಮ. ಗುಡಿ ಕಟ್ಟಿದ ಉಳ್ಳವರನ್ನೂ ದೇಹವನ್ನೇ ಗುಡಿ ಮಾಡಿಕೊಂಡ ಬಡವನನ್ನೂ ಎದುರುಬದುರು ಇಟ್ಟ ಬಸವಣ್ಣನವರ ವಚನ ಮುಗಿಯುವುದು ಇವೆರಡರ ಮೇಲೆ. ನಿಂತದ್ದಕ್ಕೆ ಅಳಿವಿದೆ, ಚಲಿಸುವುದಕ್ಕೆ ಇಲ್ಲ ಎಂಬುದು ಅದರ ತಿರುಳು. ಸ್ಥಾವರ ಎಂದರೆ ನಿಂತದ್ದು. ಧಾತು ಸ್ಥಾ. ಮೈಸೂರಿನಲ್ಲಿ ಹುಟ್ಟಿದ ಎ.ಕೆ. ರಾಮಾನುಜನ್ 1973ರಲ್ಲಿ ವಚನಗಳನ್ನು 'ಸ್ಪೀಕಿಂಗ್ ಆಫ್ ಶಿವ' ಎಂದು ಇಂಗ್ಲಿಷಿಗೆ ಕೊಟ್ಟಾಗ, ಅದರ ಪೀಠಿಕೆಯಲ್ಲಿ ಈ ಸ್ಥಾವರವೂ ಇಂಗ್ಲಿಷಿನ ಸ್ಟ್ಯಾಂಡೂ ಒಂದೇ ಬಳ್ಳಿಯವು ಎಂದು ಗುರುತಿಸಿದ್ದರು.

ಹಾಗಾದರೆ ಜಂಗಮ? ಅದರ ಧಾತು ಗಮ್, ಹೋಗು, ಚಲಿಸು. ಆಗಮ, ನಿಗಮ, ಸಂಗಮ ಎಲ್ಲ ಅಲ್ಲಿಯವೇ. ಗ್ರಿಮ್ಮನ ಸೂತ್ರದಲ್ಲಿ ಮೂಲದ ಗಕಾರ ಇಂಗ್ಲಿಷಿನಲ್ಲಿ ಕಕಾರವಾಗುತ್ತದೆ. ನಮ್ಮ ಗೋವು ಅವರ ಕೌ ಆದದ್ದು ಹಾಗೇ. ಈಗ ಗಮ್ ಧಾತುವಿನ ಗಕಾರ ತೆಗೆದು ಕಕಾರ ಹಾಕಿ. ಕಮ್! ಒಂದನೇ ಕ್ಲಾಸಿನ ಮಗು ಬಾಗಿಲಲ್ಲಿ ನಿಂತು ಮೇ ಐ ಕಮ್ ಇನ್ ಎಂದು ಕೇಳುವ ಆ ಕಮ್! ಜಂಗಮದ ಒಡಹುಟ್ಟು ಕಮ್, ಸ್ಥಾವರದ ಒಡಹುಟ್ಟು ಸ್ಟ್ಯಾಂಡ್. ಇಂಗ್ಲಿಷ್ ಕಲಿಯುವ ಮಗುವಿನ ಮೊದಲ ಇಪ್ಪತ್ತು ಪದಗಳಲ್ಲಿ ಶರಣರ ತತ್ತ್ವದ ಎರಡೂ ತುದಿ ಕೂತಿವೆ. ಹರದನಹಳ್ಳಿಯಿಂದ ಹೊರಟ ಜಂಗಮರೊಬ್ಬರು ಕಗ್ಗೆರೆಯ ತೋಟದಲ್ಲಿ ನೆಲೆನಿಂತ ಕಥೆಯನ್ನು ಆ ಎರಡೇ ಪದದಲ್ಲಿ ಹೇಳಿ ಮುಗಿಸಬಹುದು.

ಈ ಜೋಡಿ ಪುಸ್ತಕದಲ್ಲಿ ಮಾತ್ರ ಉಳಿದಿದೆ ಎನ್ನಬೇಡಿ. ಮೊಬೈಲ್ ಫೋನು ಬಂದಾಗ ಕನ್ನಡ ಅದಕ್ಕೆ ಜಂಗಮವಾಣಿ ಎಂದು ಹೆಸರಿಟ್ಟಿತು. ಮನೆಯ ಫೋನು ಸ್ಥಿರ ದೂರವಾಣಿಯಾಯಿತು. ವಿದ್ಯುತ್ ಉತ್ಪಾದಿಸುವ ಪವರ್ ಸ್ಟೇಷನ್ನು ವಿದ್ಯುತ್ ಸ್ಥಾವರ ಆಯಿತು. ಇದೇ ತುಮಕೂರು ಜಿಲ್ಲೆಯ ಪಾವಗಡದ ಬಿಸಿಲಿನಲ್ಲಿ ಸೌರಫಲಕ ಹರಡಿಕೊಂಡಿರುವುದೂ ಸ್ಥಾವರವೇ. ಇಂಗ್ಲಿಷ್ ಸ್ತಾ ಧಾತುವಿನ ಪದ ತಂದ ಅನೇಕ ಕಡೆ ಕನ್ನಡ ಗೊತ್ತಿದ್ದೋ ಗೊತ್ತಿಲ್ಲದೆಯೋ ಅದೇ ಧಾತುವಿನ ಇನ್ನೊಂದು ಪದವನ್ನು ಎತ್ತಿ ಕೊಟ್ಟಿದೆ. ಜಾತ್ರೆಯ ಸ್ಟಾಲುಗಳಲ್ಲಿ ಮೊಬೈಲ್ ಸ್ಟ್ಯಾಂಡ್ ಮಾರುತ್ತಾರಲ್ಲ, ಅದನ್ನು ಜಂಗಮದ ಸ್ಥಾವರ ಎಂದು ಕರೆದರೆ ಪದಶಾಸ್ತ್ರದಲ್ಲಿ ಒಂದಿಷ್ಟೂ ತಪ್ಪಿಲ್ಲ. ಆ ಸ್ಟಾಲನ್ನೂ ಷಟ್‌ಸ್ಥಲದ ಸ್ಥಲವನ್ನೂ ಸಹ ಒಂದೇ ಕವಲಿನವೆಂದು ಅನೇಕ ಭಾಷಾಶಾಸ್ತ್ರಜ್ಞರು ಎಣಿಸುತ್ತಾರೆ.

ಇನ್ನು ಕುದುರೆ. ಯಡಿಯೂರಿನಿಂದ ಸುಮಾರು 20 ಕಿಲೋಮೀಟರ್ ಹಿಂದಕ್ಕೆ ಬಂದರೆ ಕುಣಿಗಲ್ ಸ್ಟಡ್ ಫಾರ್ಮ್. ಟಿಪ್ಪುವಿನ ಕಾಲದಲ್ಲಿ ದಂಡಿನ ಕುದುರೆ ಬೆಳೆಸಿದ ನೆಲ, ಆಮೇಲೆ ರೇಸಿನ ಕುದುರೆಗಳಿಗೆ ಹೆಸರಾದದ್ದು. ಸ್ಟಡ್ ಎಂದರೇನು? ಹಳೆಯ ಇಂಗ್ಲಿಷಿನ 'ಸ್ತೋದ್', ಮರಿ ಹಾಕಿಸಲು ಕುದುರೆಗಳನ್ನು ನಿಲ್ಲಿಸಿದ ಜಾಗ. ಮತ್ತೆ ಅದೇ ಸ್ತಾ! ಈ ಪದದ ಜರ್ಮನ್ ಒಡಹುಟ್ಟು ಒಂದು ನಗರದ ಹೆಸರಿನಲ್ಲಿ ಕೂತಿದೆ. ಸ್ಟುಟ್‌ಗಾರ್ಟ್! ಹತ್ತನೇ ಶತಮಾನದಲ್ಲಿ ಅದು ಕುದುರೆ ಸಾಕುವ ತೋಟ. ಇಂದಿಗೂ ಆ ನಗರದ ಲಾಂಛನದಲ್ಲಿರುವುದು ಕುದುರೆ, ಅಲ್ಲಿ ತಯಾರಾಗುವ ಪೋರ್ಶೆ ಕಾರಿನ ಮೂತಿಯ ಮೇಲೆ ಮೆರೆಯುವುದೂ ಅದೇ ಕುದುರೆ. ಹೆಸರಿನ ಲೆಕ್ಕ ಹಿಡಿದರೆ ಸ್ಟುಟ್‌ಗಾರ್ಟ್ ಇಡೀ ಒಂದು ದೊಡ್ಡ ಸ್ಟಡ್ ಫಾರ್ಮ್, ಕುಣಿಗಲ್ಲಿನ ಅಕ್ಕ. ಕಿವಿಗೆ ಹಾಕುವ ಸ್ಟಡ್ ಬೇರೆ ಪದ, ಅದು ನಿಲ್ಲಿಸಿದ ಗೂಟದಿಂದ ಬಂದದ್ದು; ಇನ್ನೂ ಮೇಲಕ್ಕೆ ಹತ್ತಿದರೆ ಆ ಗೂಟವೂ ಸ್ತಾ ಎಂಬಲ್ಲಿಗೇ ಹೋಗಿ ಸೇರುತ್ತದೆ.

ಕುದುರೆ ನಿಲ್ಲಿಸುವ ಜಾಗಕ್ಕೆ ಸಂಸ್ಕೃತದಲ್ಲಿ ಹೆಸರಿಲ್ಲವೇ ಎಂದು ಹುಡುಕಿಕೊಂಡು ಹೋದೆ. ಊರಿನ ಪ್ರತಿ ಕಟ್ಟೆಯ ಮೇಲೂ ಅದು ಎಲೆ ಅಲುಗಿಸುತ್ತ ನಿಂತಿದೆ! ಅಶ್ವತ್ಥ. ಅಶ್ವ ಮತ್ತು ಸ್ಥ, ಕುದುರೆಗಳು ನಿಲ್ಲುವ ಮರ; ಮೋನಿಯರ್ ವಿಲಿಯಮ್ಸನ ಸಂಸ್ಕೃತ ನಿಘಂಟು ಕೊಡುವ ವಿವರಣೆ ಇದು. ಯಾವ ಕಾಲದ ದಾರಿಹೋಕರೋ ಇದರ ನೆರಳಲ್ಲಿ ಕುದುರೆ ಕಟ್ಟಿದ್ದರಿಂದ ಬಂದ ಹೆಸರಿರಬೇಕು. ದಿನವೂ ಅಶ್ವತ್ಥಕಟ್ಟೆ ಸುತ್ತುವ ಅಜ್ಜಿಗೆ ತಾನು ಸುತ್ತುತ್ತಿರುವ ಮರಕ್ಕೂ ಕುಣಿಗಲ್ಲಿನ ಆ ಫಾರ್ಮಿಗೂ ಹೆಸರಿನಲ್ಲಿ ನೆಂಟಸ್ತನ ಇದೆ ಎಂದು ಹೇಳಿದರೆ ಎಷ್ಟು ಖುಷಿಪಟ್ಟಾಳು!

ವಾಹನ ಕಾಯುವ ಜಾಗಕ್ಕೆ ಸ್ಟ್ಯಾಂಡ್ ಎಂದು ಹೆಸರು ಬಂದದ್ದೂ ಕುದುರೆಯ ದೆಸೆಯಿಂದಲೇ. 1634ರಲ್ಲಿ ಲಂಡನ್ನಿನ ಸ್ಟ್ರಾಂಡ್ ಬೀದಿಯಲ್ಲಿ ಕ್ಯಾಪ್ಟನ್ ಬೈಲಿ ಎಂಬಾತ ಬಾಡಿಗೆ ಕುದುರೆಗಾಡಿಗಳನ್ನು ಒಂದೆಡೆ ಸಾಲಾಗಿ ನಿಲ್ಲಿಸಿದ. ನಮ್ಮಲ್ಲಿ ಅದು ಜಟಕಾ ಸ್ಟ್ಯಾಂಡ್ ಆಯಿತು, ಸೈಕಲ್ ಸ್ಟ್ಯಾಂಡ್, ಆಟೊ ಸ್ಟ್ಯಾಂಡ್ ಆಯಿತು. ಬಸ್ ಸ್ಟ್ಯಾಂಡ್ ಎಂಬ ಜೋಡುಪದವನ್ನಂತೂ ಇಂಗ್ಲಿಷರಿಗಿಂತ ಹೆಚ್ಚಾಗಿ ನಾವೇ ಬಾಳಿಸಿದವರು.

ಈ ಜೋಡಿಯ ಮೊದಲರ್ಧ, ಆ 'ಬಸ್', ಇನ್ನೊಂದು ಪವಾಡ. ಅದಕ್ಕೆ ಧಾತುವೇ ಇಲ್ಲ! 1820ರ ದಶಕದಲ್ಲಿ ಫ್ರಾನ್ಸಿನ ನಾಂತ್ ಪಟ್ಟಣದಲ್ಲಿ ಸ್ಟಾನಿಸ್ಲಾಸ್ ಬೋದ್ರಿ ಎಲ್ಲರೂ ಹತ್ತಬಹುದಾದ ಗಾಡಿ ಓಡಿಸಿದ, 1829ರಲ್ಲಿ ಜಾರ್ಜ್ ಶಿಲ್ಲಿಬೀರ್ ಅದನ್ನು ಲಂಡನ್ನಿಗೆ ತಂದ. ಗಾಡಿಯ ಹೆಸರು ಆಮ್ನಿಬಸ್, ಲ್ಯಾಟಿನ್ನಿನಲ್ಲಿ 'ಎಲ್ಲರಿಗೆ' ಎಂದರ್ಥ. ಜನ ಅವಸರದಲ್ಲಿ ತಲೆಭಾಗ ಕತ್ತರಿಸಿ ಬಾಲ ಮಾತ್ರ ಉಳಿಸಿಕೊಂಡರು. ಉಳಿದ 'ಬಸ್' ಬರೀ ವಿಭಕ್ತಿ ಪ್ರತ್ಯಯ! ಇದೇ ತುಮಕೂರು ಜಿಲ್ಲೆಯ ತೀರ್ಥಪುರದಲ್ಲಿ ಹುಟ್ಟಿದ ತೀ.ನಂ.ಶ್ರೀಕಂಠಯ್ಯನವರ 'ಕನ್ನಡ ಮಧ್ಯಮ ವ್ಯಾಕರಣ' ಓದಿ ಬೆಳೆದವರಿಗೆ ಚತುರ್ಥಿ ವಿಭಕ್ತಿ ಗೊತ್ತು, ಗೆ, ಇಗೆ, ಕೆ. ಇಂಗ್ಲಿಷರು ದಿನವೂ ಹತ್ತಿ ಇಳಿಯುತ್ತಿರುವುದು ಒಂದು 'ಇಗೆ'ಯನ್ನು. ಆ ಲ್ಯಾಟಿನ್ ಪ್ರತ್ಯಯದ ಸಂಸ್ಕೃತ ಒಡಹುಟ್ಟನ್ನು ನೀವು ಬಾಲ್ಯದಿಂದ ಉಚ್ಚರಿಸುತ್ತ ಬಂದಿದ್ದೀರಿ. ಶ್ರೀ ಗುರುಭ್ಯೋ ನಮಃ. ಅದರಲ್ಲಿ ಗುರುಗಳಿಗೆ ಎಂದು ಹೇಳುವ ಆ 'ಭ್ಯೋ' ಇದೆಯಲ್ಲ, ಅದೇ ಬಸ್!

ಇಷ್ಟು ದಿನ ಧಾತುವಿನ ಹಿಂದೆ ಓಡಿದ ನನಗೆ ಕನ್ನಡದ 'ನಿಲ್ಲು' ಮಾಡಿದ ಚಮತ್ಕಾರ ಕಡಿಮೆಯದಲ್ಲ. ಅದಕ್ಕೂ ಸ್ಟ್ಯಾಂಡಿಗೂ ರಕ್ತಸಂಬಂಧ ಇಲ್ಲ. ದ್ರಾವಿಡ ಭಾಷೆಗಳು ಸ್ವತಂತ್ರ ಕುಟುಂಬ ಎಂದು 1816ರಲ್ಲೇ ಎಲ್ಲಿಸ್ ತೋರಿಸಿದ್ದ, 1856ರಲ್ಲಿ ಕಾಲ್ಡ್‌ವೆಲ್ ವಿಸ್ತಾರವಾಗಿ ಸಾಧಿಸಿದ. ಆದರೂ ಅರ್ಥಗಳು ಎಷ್ಟು ಜೊತೆಜೊತೆಗೆ ನಡೆದಿವೆ! ಅವರ ಸ್ಟ್ಯಾಂಡ್ ಎಂದರೆ ಅಭಿಪ್ರಾಯವೂ ಹೌದು. ನಮ್ಮ ನಿಲುವೂ ಹಾಗೇ. ಅವರು ಚುನಾವಣೆಗೆ ಸ್ಟ್ಯಾಂಡ್ ಆಗುತ್ತಾರೆ, ನಾವು ನಿಲ್ಲುತ್ತೇವೆ. ಓಡುವವರು ಅಮೆರಿಕದವರು ಮಾತ್ರ. ಸೊಸೈಟಿಯ ಲೆಕ್ಕದಲ್ಲಿ ಔಟ್‌ಸ್ಟ್ಯಾಂಡಿಂಗ್ ಎಂದಿರುವುದನ್ನು ಕಾರ್ಯದರ್ಶಿ ಬಾಕಿ ನಿಂತಿದೆ ಎಂದು ಓದುತ್ತಾರೆ. ಅದೇ ಔಟ್‌ಸ್ಟ್ಯಾಂಡಿಂಗ್ ಶಾಲೆಯ ಅಂಕಪಟ್ಟಿಗೆ ಬಂದರೆ ಮಗು ಎಲ್ಲರಿಗಿಂತ ಜಾಣ ಎಂದರ್ಥ! ಅವರ ಪದಕ್ಕಿಂತ ನಮ್ಮದು ಇನ್ನೂ ಅಗಲ. ಮಳೆ ನಿಲ್ಲುತ್ತದೆ, ಗಡಿಯಾರ ನಿಲ್ಲುತ್ತದೆ, ಹಸುವಿಗೆ ಗಬ್ಬ ನಿಲ್ಲುತ್ತದೆ. ನಿಂತುಹೋಗುವುದೂ ನೆಲೆಯಾಗುವುದೂ ಒಂದೇ ಕ್ರಿಯಾಪದ. ನೆಲೆ, ನಿಲುಗಡೆ, ನಿಲುವಂಗಿ ಎಲ್ಲ ಅದರ ಮಕ್ಕಳೇ. ಇನ್ನೊಂದು ಸೊಗಸು ಕೇಳಿ. ಸ್ಟ್ಯಾಂಡ್ ಭೂತಕಾಲಕ್ಕೆ ಹೋದರೆ ಸ್ಟುಡ್, ನಡುವಿನ ನಕಾರ ಮಾಯ. ನಿಲ್ ಭೂತಕಾಲಕ್ಕೆ ಹೋದರೆ ನಿಂತ, ಇಲ್ಲದ ಅನುನಾಸಿಕ ಪ್ರತ್ಯಕ್ಷ! ಕಾಕತಾಳೀಯ ಅಷ್ಟೆ, ಆದರೂ ಎಂಥ ಮುದ್ದಾದ ಕಾಕತಾಳೀಯ.

ಸೈಡ್ ಸ್ಟ್ಯಾಂಡ್ ಹಾಕಿಕೊಂಡೇ ಹೊರಟ ಬೈಕಿನವನಿಗೆ ಗುರುತಿಲ್ಲದ ದಾರಿಹೋಕರು ಕೂಗಿ ಹೇಳುತ್ತಾರಲ್ಲ, 'ಸ್ಟ್ಯಾಂಡ್ ತೆಗಿಯಣ್ಣಾ!' ಎಂದು, ಆ ಕೂಗಿನಲ್ಲಿ ಈ ಪದ ಎಷ್ಟು ಕನ್ನಡವಾಗಿದೆ ಎಂದು ನಾನು ಅನೇಕ ಸಲ ಬೆರಗಾಗಿದ್ದೇನೆ.

ಇನ್ನು ಆ ಸ್ತಾ ಧಾತು ಮನುಷ್ಯನ ಒಳಗನ್ನು ಹೊಕ್ಕ ಬಗೆ ನೋಡಿ. ಪರಮಾನಂದದ ಉನ್ಮಾದಕ್ಕೆ ಗ್ರೀಕರು 'ಎಕ್‌ಸ್ತಾಸಿಸ್' ಎಂದರು, ತನ್ನಿಂದ ಹೊರಗೆ ನಿಲ್ಲುವುದು. ಇಂಗ್ಲಿಷಿನ ಎಕ್‌ಸ್ಟಸಿ ಅದರಿಂದ ಬಂತು. ನಮ್ಮವರು ಆರೋಗ್ಯವಂತನಿಗೆ 'ಸ್ವಸ್ಥ' ಎಂದರು, ತನ್ನಲ್ಲೇ ನಿಂತವನು! ಷಟ್‌ಸ್ಥಲದ ಮಾತಿನಲ್ಲಿ ಮತ್ತೆ ಮತ್ತೆ ಬರುವ 'ನಿಷ್ಠೆ'ಯೂ ಸ್ಥಾ ಧಾತುವೇ. ಹಿಂದೆ ಇಕಾರ ಬಂದದ್ದರಿಂದ ಸಕಾರ ಷಕಾರವಾಗಿ ಮುಖ ಮರೆಸಿಕೊಂಡಿದೆ. ಪ್ರತಿಷ್ಠೆಯಲ್ಲೂ ಹಾಗೇ ಮರೆಸಿಕೊಂಡಿದೆ. ದಡದ ಮೇಲೆ ನಿಂತವನು ತಟಸ್ಥ, ಮನೆಯಲ್ಲಿ ನಿಂತವನು ಗೃಹಸ್ಥ.

ಕೊನೆಗೆ 'ಅಂಡರ್‌ಸ್ಟ್ಯಾಂಡ್'. ತಿಳಿದುಕೊಳ್ಳುವುದಕ್ಕೆ ಇಂಗ್ಲಿಷರು ಕೆಳಗೆ ಏಕೆ ನಿಲ್ಲಬೇಕು? ನಿಲ್ಲುವುದಿಲ್ಲ. ಇಲ್ಲಿನ ಅಂಡರ್ 'ಕೆಳಗೆ' ಎಂಬುದಲ್ಲ, 'ನಡುವೆ' ಎಂಬ ಹಳೆಯ ಅರ್ಥದ್ದು ಎಂದು ಅನೇಕ ವಿದ್ವಾಂಸರ ವಿವರಣೆ. ಸಂಸ್ಕೃತದ 'ಅಂತರ್' ಅದರ ಒಡಹುಟ್ಟು. ಎಂದ ಮೇಲೆ ಅಂಡರ್‌ಸ್ಟ್ಯಾಂಡನ್ನು ಬೇರುಬೇರಾಗಿ ಸಂಸ್ಕೃತಕ್ಕೆ ಕೊಂಡೊಯ್ದರೆ ಸಿಗುವುದು ಅಂತರ್, ಸ್ಥಾ. ಅಂತಃಸ್ಥ! ಈ ಪದವನ್ನು ನಾವು ವ್ಯಾಕರಣದ ತರಗತಿಯಲ್ಲಿ ಕೇಳಿದ್ದೇವೆ. ಸ್ವರಕ್ಕೂ ವ್ಯಂಜನಕ್ಕೂ ನಡುವೆ ನಿಂತ ನಾಲ್ಕು ಅಕ್ಷರಗಳಿಗೆ, ಯ ರ ಲ ವಗಳಿಗೆ, ಪ್ರಾಚೀನರು ಇಟ್ಟ ಹೆಸರು ಅಂತಃಸ್ಥ. ಯಡಿಯೂರು ಎಂದು ಬರೆಯಲು ಮೊದಲು ಬೇಕಾಗುವುದೇ ಅವುಗಳಲ್ಲಿ ಮೊದಲನೆಯದು.